ಜೀವನಾಂಶದ ಆದೇಶ ಸಿಕ್ಕಿತು, ಹಣ ಎಲ್ಲಿ?

(ಮಹಿಳಾ ವೇದಿಕೆಯ ಸಭೆಯಲ್ಲಿ ಆಡಿದ ಮಾತುಗಳು)



ನಾನು ವಕೀಲೆಯಲ್ಲ, ಸಾಫ್ಟ್‌ವೇರ್ ಕೆಲಸದವಳು. ಆದರೂ ಈ ವಿಷಯ ಆರಿಸಿಕೊಂಡಿದ್ದಕ್ಕೆ ಕಾರಣವಿದೆ. ಇಲ್ಲೇ ಮಾಧವರಂನಲ್ಲಿ ನನಗೆ ಪರಿಚಯದ ಕನ್ನಡದ ಅಕ್ಕ ಒಬ್ಬರಿದ್ದಾರೆ. ಅವರಿಗೂ ಮಗಳಿಗೂ ಗಂಡ ಪ್ರತಿ ತಿಂಗಳು ಜೀವನಾಂಶ ಕೊಡಬೇಕೆಂದು ಬೆಂಗಳೂರಿನಲ್ಲಿ ಕೋರ್ಟ್ ಆದೇಶವಾಗಿತ್ತು. ಎರಡು ತಿಂಗಳು ಹಣ ಬಂತು, ಆಮೇಲೆ ನಿಂತಿತು. "ಕೋರ್ಟೇ ಹೇಳಿದೆಯಲ್ಲ, ಕೊಡದೆ ಎಲ್ಲಿ ಹೋಗ್ತಾರೆ" ಎಂದು ಅಕ್ಕ ಕಾದರು. ಒಂದೂವರೆ ವರ್ಷ ಕಳೆಯಿತು. ಮಗಳ ಫೀಸಿಗೆ ಬಳೆ ಅಡವಿಟ್ಟರು.

ಅವರು ಮಾಡಿದ ತಪ್ಪು ಒಂದೇ, ಕಾದದ್ದು. ಆದೇಶ ತಾನಾಗಿ ಹಣ ತಂದುಕೊಡುವುದಿಲ್ಲ. ಜಾರಿಗಾಗಿ ನಾವು ಮತ್ತೆ ಅರ್ಜಿ ಹಾಕಬೇಕು.

ಹಳೆಯ 125ನೇ ಕಲಂ 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ ಆಗಿದೆ. ಸರಿಯಾದ ಕಾರಣವಿಲ್ಲದೆ ಹಣ ಕೊಡದಿದ್ದರೆ, ದಂಡ ವಸೂಲಿ ಮಾಡುವಂತೆ ಬಾಕಿ ವಸೂಲಿಗೆ ವಾರಂಟ್ ಹೊರಡಿಸಬಹುದು. ಆಮೇಲೂ ಕೊಡದಿದ್ದರೆ, ಒಂದೊಂದು ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಜೈಲು. ಆದರೆ ಹಣ ಬರಬೇಕಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಿದರೆ ಮಾತ್ರ ಈ ವಾರಂಟ್. ಇದನ್ನು ದಯವಿಟ್ಟು ನೆನಪಿಡಿ.

"ಜೈಲಿಗೆ ಹೋಗಿ ಬಂದೆ, ಲೆಕ್ಕ ಚುಕ್ತಾ" ಎನ್ನುವವರೂ ಇದ್ದಾರೆ. ಹಾಗಲ್ಲ. ಜೈಲು ಹಣ ಕೊಡಿಸುವ ಒತ್ತಾಯವೇ ಹೊರತು ಸಾಲ ತೀರಿಸುವ ದಾರಿಯಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿದೆ. ವರ್ಷ ಮೀರಿದ ಬಾಕಿಯ ಹಕ್ಕೂ ಸಾಯುವುದಿಲ್ಲ, ಅದನ್ನು ಬೇರೆ ದಾರಿಯಲ್ಲಿ ಕೇಳಬಹುದು ಎಂದು 2013ರಲ್ಲಿ ತಮಿಳುನಾಡಿನ ತಾಯಿ-ಮಗನ ಪ್ರಕರಣವೊಂದರಲ್ಲಿ ತಿಳಿಸಿದೆ. ಸಿವಿಲ್ ಡಿಕ್ರಿಯಂತೆಯೂ ಆದೇಶ ಜಾರಿ ಮಾಡಿಸಬಹುದು ಎಂದು 2020ರ ನವೆಂಬರ್ 4ರ ರಜನೀಶ್–ನೇಹಾ ತೀರ್ಪು ಹೇಳುತ್ತದೆ. ಆ ದಾರಿಯಲ್ಲಿ ಸಂಬಳವನ್ನೂ ಜಪ್ತಿ ಮಾಡಿಸಲು ಅವಕಾಶವಿದೆ.

ನಮ್ಮಂತೆ ಎರಡು ರಾಜ್ಯಗಳ ನಡುವೆ ಬದುಕುವವರಿಗೆ ಇನ್ನೊಂದು ಅನುಕೂಲವಿದೆ. ಆದೇಶ ಎಲ್ಲೇ ಆಗಿರಲಿ, ಗಂಡ ಈಗ ಇರುವ ಊರಿನ ಮ್ಯಾಜಿಸ್ಟ್ರೇಟರೂ ಅದನ್ನು ಜಾರಿ ಮಾಡಬಹುದು. 147ನೇ ಕಲಂ ನೋಡಿ.

ಅಕ್ಕ ಕೊನೆಗೆ ಅರ್ಜಿ ಹಾಕಿದರು. ಕಳೆದ ಹನ್ನೆರಡು ತಿಂಗಳ ಬಾಕಿಗೆ ವಾರಂಟ್ ಕೇಳಿದ್ದಾರೆ. ಅದಕ್ಕೂ ಹಿಂದಿನ ಆರು ತಿಂಗಳಿಗೆ ಬೇರೆ ಓಡಾಟ. ಒಂದು ಕಂತು ಬಂದಿದೆ, ಬಳೆ ಇನ್ನೂ ಬಿಡಿಸಿಲ್ಲ.

ನನ್ನ ಕೋರಿಕೆ ಇಷ್ಟೇ. ಹಣ ಬ್ಯಾಂಕ್ ಖಾತೆಗೇ ಬರಲಿ. ಬಂದ ತಿಂಗಳು, ಬಾರದ ತಿಂಗಳು ಬರೆದಿಡಿ. ಎರಡನೇ ತಿಂಗಳು ತಪ್ಪಿದ ಕೂಡಲೇ ವಕೀಲರನ್ನು ಕಾಣಿ. ವಕೀಲರಿಗೆ ಕೊಡಲು ಹಣವಿಲ್ಲವೇ? ಆದಾಯ ಎಷ್ಟೇ ಇರಲಿ, ಹೆಣ್ಣುಮಕ್ಕಳಿಗೆ ಕಾನೂನು ಸೇವಾ ಪ್ರಾಧಿಕಾರದ ನೆರವು ಉಚಿತ. ಸಹಾಯವಾಣಿ 15100.

ಜೀವನಾಂಶ ಯಾರೋ ಕೊಡುವ ಭಿಕ್ಷೆಯಲ್ಲ. ಕೇಳಲು ನಾಚಿಕೆ ಬೇಡ, ತಡವೂ ಬೇಡ.