ಬಸಾರತ್ ಮತ್ತು ಬಸೀರತ್
(ಶಿಕ್ಷಕರು ಮತ್ತು ಪಾಲಕರ ಸಭೆಯಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ಉರ್ದುವಿನಲ್ಲಿ ಎರಡು ಪದಗಳಿವೆ. ಬಸಾರತ್ ಎಂದರೆ ಕಣ್ಣಿನ ದೃಷ್ಟಿ. ಬಸೀರತ್ ಎಂದರೆ ಒಳದೃಷ್ಟಿ, ನಮ್ಮ ಕನ್ನಡದ ಒಳಗಣ್ಣು. ಇವೆರಡರ ಅಂತರವನ್ನು ಸುಮಾರು ಇಪ್ಪತ್ತು ನಿಮಿಷಗಳ ಒಂದು ಸಾಕ್ಷ್ಯಚಿತ್ರ ನಮಗೆ ಮನಗಾಣಿಸುತ್ತದೆ. ಅದು ಸತ್ಯಜಿತ್ ರೇ ಅವರ 1972ರ 'ದಿ ಇನ್ನರ್ ಐ'.

'ಪಥೇರ್ ಪಾಂಚಾಲಿ'ಯ ನಿರ್ದೇಶಕರಾಗಿ ರೇ ಅವರನ್ನು ಎಲ್ಲರೂ ಬಲ್ಲರು. ಅವರು ಕಲಾವಿದರನ್ನು ಕುರಿತ ಸಾಕ್ಷ್ಯಚಿತ್ರಗಳನ್ನೂ ಮಾಡಿದರು. 1961ರಲ್ಲಿ ರವೀಂದ್ರನಾಥ ಠಾಗೋರ್, 1976ರಲ್ಲಿ ಭರತನಾಟ್ಯದ ಬಾಲಸರಸ್ವತಿ, 1987ರಲ್ಲಿ ತಮ್ಮ ತಂದೆ ಸುಕುಮಾರ್ ರೇ. ಆದರೆ 'ದಿ ಇನ್ನರ್ ಐ' ಶಿಷ್ಯನೊಬ್ಬ ತನ್ನ ಗುರುವಿಗೆ ಸಲ್ಲಿಸಿದ ಕಾಣಿಕೆ. ಶಾಂತಿನಿಕೇತನದ ಕಲಾಭವನದಲ್ಲಿ ರೇ ಅವರಿಗೆ ಕಲಿಸಿದ ಬಿನೋದ್ ಬಿಹಾರಿ ಮುಖರ್ಜಿಯವರೇ ಅದರ ನಾಯಕ.

1904ರಲ್ಲಿ ಹುಟ್ಟಿದ ಬಿನೋದ್ ಬಿಹಾರಿಗೆ ಒಂದು ಕಣ್ಣು ಕಾಣುತ್ತಿರಲಿಲ್ಲ, ಇನ್ನೊಂದು ತೀರಾ ಮಂದ. ಈ ಕಾರಣದಿಂದ ಸಾಮಾನ್ಯ ಶಾಲೆಗಳ ಓದು ಸಾಗಲಿಲ್ಲ. ಇಂಥ ಹುಡುಗ ಚಿತ್ರಕಲೆ ಕಲಿಯುವುದು ಹೇಗೆಂದು ಕಲಾಭವನದಲ್ಲಿ ನಂದಲಾಲ್ ಬೋಸರಿಗೂ ಅನುಮಾನವಿತ್ತು. ಹುಡುಗನಿಗೆ ಆಸಕ್ತಿಯಿದ್ದರೆ ತಡೆಯಬಾರದು ಎಂಬುದು ಠಾಗೋರರ ನಿಲುವು. ಅದೇ ಹುಡುಗ ಮುಂದೆ ಅಲ್ಲೇ ಗುರುವಾದರು. 1946-47ರಲ್ಲಿ ಹಿಂದಿ ಭವನದ ಗೋಡೆಗಳ ಮೇಲೆ ಕಬೀರ್, ಸೂರದಾಸ್, ತುಳಸೀದಾಸರಂಥ ಸಂತರ ಬದುಕನ್ನು ಚಿತ್ರಿಸಿದರು.

ಐವತ್ತು ದಾಟಿದ ಮೇಲೆ ಕಣ್ಣಿನ ಶಸ್ತ್ರಚಿಕಿತ್ಸೆ ವಿಫಲವಾಗಿ ಇದ್ದ ಅಲ್ಪ ದೃಷ್ಟಿಯೂ ಹೋಯಿತು. ಬಸಾರತ್ ಹೋಯಿತು, ಬಸೀರತ್ ಉಳಿಯಿತು. ಕಾಗದ ಕತ್ತರಿಸಿ, ಬೆರಳಿನಿಂದ ಮುಟ್ಟಿ ಆಕೃತಿಗಳನ್ನು ಮಾಡಿದರು. 1972ರಲ್ಲಿ ಕಲಾಭವನದ ಗೋಡೆಗೆ ಹೆಂಚಿನ ಬಿಲ್ಲೆಗಳ ದೊಡ್ಡ ಭಿತ್ತಿಚಿತ್ರವನ್ನೇ ರಚಿಸಿದರು.

ರೇ ಅವರ ಹಿರಿಮೆ ಇರುವುದು ಇದನ್ನು ತೋರಿಸಿದ ಬಗೆಯಲ್ಲಿ. ಅಯ್ಯೋ ಪಾಪ ಎನ್ನಿಸುವ ಒಂದು ಮಾತೂ ಅಲ್ಲಿಲ್ಲ. ರೇ ತಮ್ಮದೇ ದನಿಯಲ್ಲಿ ಮಿತವಾಗಿ ಮಾತನಾಡುತ್ತಾರೆ. ಕ್ಯಾಮೆರಾ ಗುರುಗಳ ಕೈಗಳನ್ನೂ ಅವರ ಚಿತ್ರಗಳನ್ನೂ ನಿಧಾನವಾಗಿ ನೋಡುತ್ತದೆ, ನಿಖಿಲ್ ಬ್ಯಾನರ್ಜಿಯವರ ಸಿತಾರ್ ಜೊತೆಗಿರುತ್ತದೆ. ಕುರುಡುತನವನ್ನು ಒಂದು ಹೊಸ ಅನುಭವವಾಗಿ ಕಾಣುವ ಗುರುವಿನ ಮಾತಿಗೇ ರೇ ಕೊನೆಯ ಸ್ಥಾನ ಕೊಡುತ್ತಾರೆ. ಒಂದು ಕವಿತೆಯನ್ನು ಓದಿ ಮುಗಿಸಿದಂತಾಗುತ್ತದೆ.

ಪ್ರಿಯ ಮಿತ್ರರೇ, ಪುಸ್ತಕವನ್ನು ಮುಖಕ್ಕೆ ಹತ್ತಿರ ಹಿಡಿಯುವ, ಕರಿಹಲಗೆ ಕಾಣದೆ ಪಕ್ಕದವನ ನೋಟ್‌ಬುಕ್ ನೋಡಿ ಬರೆಯುವ ಮಗು ನಮ್ಮ ತರಗತಿಯಲ್ಲೂ ಇದ್ದೀತು. ಅದನ್ನು ದಡ್ಡ ಎಂದು ಹಿಂದಿನ ಬೆಂಚಿಗೆ ಕಳಿಸುವ ಮುನ್ನ ಕಣ್ಣಿನ ತಪಾಸಣೆ ಮಾಡಿಸೋಣ. ಚಿಕಿತ್ಸೆಯಿಂದ ಸರಿಹೋಗದಿದ್ದರೆ ಮುಂದಿನ ಬೆಂಚಿನಲ್ಲಿ ಕೂರಿಸಿ, ಆ ಮಗುವಿಗೆ ಒಗ್ಗುವ ರೀತಿಯಲ್ಲಿ ಕಲಿಸೋಣ. ಪಾಲಕರೇ, ತಾವೂ ಇಂಥ ಮಗುವಿನ ಶಾಲೆ ಬಿಡಿಸಬೇಡಿ. ಮಗುವಿನ ಬಸಾರತ್ ಕಡಿಮೆಯಿದ್ದರೆ ದಾರಿ ಹುಡುಕಬಹುದು. ಕಲಿಸುವವರಿಗೇ ಬಸೀರತ್ ಇಲ್ಲದಿದ್ದರೆ ಆ ಮಗುವಿಗೆ ದಾರಿಯೇ ಇಲ್ಲ.