ರಸ್ತೆ ಅಪಘಾತ ಮತ್ತು ನ್ಯಾಯವಾದ ಪರಿಹಾರ

(ಸಂಸ್ಥೆಯ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣ)



ನಾನು ವಕೀಲನಲ್ಲ, ಉರ್ದು ಮತ್ತು ಕನ್ನಡ ಕಲಿಸುವ ಮೇಷ್ಟ್ರು. ಆದರೂ ಈ ವಿಷಯ ಆರಿಸಿಕೊಂಡಿದ್ದಕ್ಕೆ ಕಾರಣವಿದೆ.

ಒಂಬತ್ತನೇ ತರಗತಿಯ ನನ್ನ ಒಬ್ಬ ವಿದ್ಯಾರ್ಥಿಯ ತಂದೆ ಗಾರೆ ಕೆಲಸದವರು. ಸಂಜೆ ಸೈಕಲ್ಲಿನಲ್ಲಿ ಮನೆಗೆ ಬರುವಾಗ ಕಾರೊಂದು ಬಡಿದು ಅವರ ಮೊಣಕಾಲು ಮುರಿಯಿತು. ಕಾರಿನವರು ಆಸ್ಪತ್ರೆಗೆ ಬಂದು ಇಪ್ಪತ್ತು ಸಾವಿರ ರೂಪಾಯಿ ಕೈಗಿಟ್ಟರು. ಮೊಹಲ್ಲಾದ ಹಿರಿಯರು, ‘ತಕ್ದೀರ್‌ನಲ್ಲಿ ಇದ್ದದ್ದು ಆಯಿತು, ಸಬರ್ ಮಾಡಿ’ ಎಂದರು. ಕನ್ನಡ ಓದಲು ಬಾರದ ಆ ಮನುಷ್ಯ ರಾಜಿ ಕಾಗದಕ್ಕೆ ಸಹಿ ಹಾಕಿದರು. ಪೊಲೀಸರಿಗೆ ದೂರು ಹೋಗಲಿಲ್ಲ. ನಾನೂ ನೋಡಲು ಹೋಗಿದ್ದೆ. ದುವಾ ಮಾಡಿ ಬಂದೆ. ಎಫ್.ಐ.ಆರ್. ಆಗಿದೆಯೇ ಎಂದು ಕೇಳಲಿಲ್ಲ. ಕೇಳಬೇಕೆಂದು ನನಗೂ ತಿಳಿದಿರಲಿಲ್ಲ. ಎಂಟು ತಿಂಗಳ ನಂತರ ಅವರು ಆ ಕಾಗದ ತಂದು, ‘ಇದರಲ್ಲಿ ಏನು ಬರೆದಿದೆ ಮಾಸ್ಟರ್ ಸಾಬ್?’ ಎಂದು ಕೇಳಿದರು. ‘ಮುಂದೆ ಯಾವ ತಕರಾರೂ ಇಲ್ಲ’ ಎಂದು ಬರೆದಿತ್ತು. ಅಷ್ಟರಲ್ಲಿ ಎರಡನೇ ಆಪರೇಷನ್ನಿಗೆ ಸಾಲವಾಗಿತ್ತು. ಅವರು ಏಣಿ ಹತ್ತಲಾರದಂತಾಗಿದ್ದರು. ಹುಡುಗ ಶಾಲೆ ಬಿಟ್ಟು ಗ್ಯಾರೇಜಿಗೆ ಸೇರಿದ್ದ.

ಸ್ನೇಹಿತರೇ, ಸಬರ್ ಎಂದರೆ ಹಕ್ಕನ್ನು ಬಿಟ್ಟುಕೊಡುವುದಲ್ಲ. ದೇಹಕ್ಕಾದ ಹಾನಿಗೆ ಪರಿಹಾರ ಕೊಡಬೇಕೆಂಬ ವಿಚಾರ ನಮಗೆ ಹೊಸದೂ ಅಲ್ಲ, ‘ದಿಯತ್’ ಎಂಬ ಪದ ನೀವೆಲ್ಲ ಕೇಳಿದ್ದೀರಿ. ‘ಪಾಪ, ಡ್ರೈವರೂ ಬಡವ’ ಎನ್ನುವವರಿದ್ದಾರೆ. 1988ರ ಮೋಟಾರು ವಾಹನ ಕಾಯ್ದೆಯ ಪ್ರಕಾರ ರಸ್ತೆಗಿಳಿಯುವ ವಾಹನಕ್ಕೆ ಥರ್ಡ್ ಪಾರ್ಟಿ ವಿಮೆ ಕಡ್ಡಾಯ. ವಿಮೆ ಇದ್ದರೆ ಸಾಮಾನ್ಯವಾಗಿ ಹಣ ಕೊಡುವುದು ಕಂಪನಿ. ನಿಮ್ಮ ಬೈಕಿನ ವಿಮೆ ಮುಗಿದಿದ್ದರೆ ಆ ಹೊರೆ ನಿಮ್ಮ ಮೇಲೇ ಬೀಳುತ್ತದೆ ಎಂಬುದನ್ನೂ ಮರೆಯಬೇಡಿ.

ಪರಿಹಾರವೆಂದರೆ ಆಸ್ಪತ್ರೆಯ ಬಿಲ್ಲು ಮಾತ್ರವಲ್ಲ. ಗಾಯಾಳುಗಳಿಗೆ ಏನೇನು ಸಿಗಬೇಕೆಂದು ಸುಪ್ರೀಂ ಕೋರ್ಟ್ 2010ರ ದಶಕದ ಆರಂಭದ ಒಂದು ತೀರ್ಪಿನಲ್ಲಿ ವಿವರಿಸಿದೆ. ಔಷಧಿ, ಓಡಾಟ, ಪೌಷ್ಟಿಕ ಆಹಾರದ ಖರ್ಚು, ಚಿಕಿತ್ಸೆಯ ದಿನಗಳಲ್ಲಿ ತಪ್ಪಿದ ಕೂಲಿ, ಮುಂದಿನ ಚಿಕಿತ್ಸೆಯ ವೆಚ್ಚ, ನೋವು, ಮೊದಲಿನಂತೆ ಬದುಕಲಾಗದ ನಷ್ಟ ಇವೆಲ್ಲ ಸೇರುತ್ತವೆ. ಶಾಶ್ವತ ಅಂಗವಿಕಲತೆಯಾದರೆ ಮುಂದಿನ ದುಡಿಮೆಯ ನಷ್ಟವೂ ಸೇರುತ್ತದೆ. ಇಲ್ಲಿ ನೋಡಬೇಕಾದದ್ದು ಗಾಯದ ಶೇಕಡಾವಾರು ಮಾತ್ರವಲ್ಲ, ಆ ಗಾಯ ಅವನ ಕಸುಬಿಗೆ ಎಷ್ಟು ಪೆಟ್ಟು ಕೊಟ್ಟಿದೆ ಎಂಬುದು. ಎಡಗೈ ಕಳೆದುಕೊಂಡ ಗುಮಾಸ್ತನ ನೌಕರಿ ಉಳಿಯಬಹುದು. ಬಡಗಿಯ ಬದುಕೇ ನಿಲ್ಲುತ್ತದೆ.

ಒಂದು ಲೆಕ್ಕ ನೋಡಿ. 35 ವರ್ಷದವನ ತಿಂಗಳ ದುಡಿಮೆ 15,000 ರೂಪಾಯಿ, ಅಂದರೆ ವರ್ಷಕ್ಕೆ 1,80,000. ದುಡಿಯುವ ಶಕ್ತಿಯಲ್ಲಿ ಶೇ. 30 ಹೋಯಿತೆನ್ನಿ, ವರ್ಷದ ನಷ್ಟ 54,000. ಸುಪ್ರೀಂ ಕೋರ್ಟ್ 2009ರಲ್ಲಿ ನಿಗದಿ ಮಾಡಿದಂತೆ ಆ ವಯಸ್ಸಿನ ಗುಣಕ 16. ಗುಣಿಸಿದರೆ 8,64,000 ರೂಪಾಯಿ. ಬಿಲ್ಲು, ನೋವು ಇವುಗಳ ಲೆಕ್ಕ ಬೇರೆ. ಈಗ ಆ ಇಪ್ಪತ್ತು ಸಾವಿರವನ್ನು ನೆನಪಿಸಿಕೊಳ್ಳಿ.

ಹಾಗಾದರೆ ಏನು ಮಾಡಬೇಕು? ಮೊದಲು ಚಿಕಿತ್ಸೆ. ವಾಹನದ ನಂಬರು ಬರೆದಿಟ್ಟುಕೊಳ್ಳಿ. ಅಪಘಾತದಿಂದಾದ ಗಾಯವೆಂದು ಆಸ್ಪತ್ರೆಯಲ್ಲಿ ಹೇಳಿ ಎಂ.ಎಲ್.ಸಿ. ಮಾಡಿಸಿ. ತಡಮಾಡದೆ ದೂರು ಕೊಟ್ಟು ಎಫ್.ಐ.ಆರ್. ಪ್ರತಿ ಪಡೆಯಿರಿ. ವೂಂಡ್ ಸರ್ಟಿಫಿಕೇಟ್, ಎಕ್ಸ್-ರೇ, ಡಿಸ್ಚಾರ್ಜ್ ಸಮ್ಮರಿ, ಒಂದೊಂದು ಬಿಲ್ಲನ್ನೂ ಜೋಪಾನವಾಗಿಡಿ. ದುಡಿಮೆಗೆ ಪಾಸ್‌ಬುಕ್ ಅಥವಾ ಮೇಸ್ತ್ರಿಯ ಲೆಕ್ಕದ ಚೀಟಿ ಆಧಾರವಾಗಬಹುದು. ಗುಣವಾಗುವ ಮೊದಲು ರಾಜಿಗೆ ಸಹಿ ಬೇಡ. ಖಾಲಿ ಕಾಗದಕ್ಕಂತೂ ಬೇಡವೇ ಬೇಡ.

ಅರ್ಜಿ ಹಾಕಬೇಕಾದದ್ದು ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ. ಅಪಘಾತ ದೂರದ ಊರಿನಲ್ಲಾಗಿದ್ದರೂ ನೀವು ವಾಸಿಸುವ ಕಡೆಯ ನ್ಯಾಯಮಂಡಳಿಯಲ್ಲೇ ಹಾಕಬಹುದು. 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿ ಇದಕ್ಕೆ ಆರು ತಿಂಗಳ ಗಡುವು ಹಾಕಿದೆ. ಈ ಗಡುವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸಲಾಗಿದೆ, ಆದರೂ ಅದನ್ನೇ ನಂಬಿ ಕೂರಬೇಡಿ. ಬಡಿದ ವಾಹನ ಯಾವುದೆಂದೇ ಗೊತ್ತಾಗದಿದ್ದರೂ ತೀವ್ರ ಗಾಯಕ್ಕೆ 50,000, ಸಾವಿಗೆ 2 ಲಕ್ಷ ರೂಪಾಯಿ ಕೊಡುವ ಸರ್ಕಾರದ ಯೋಜನೆಯಿದೆ. ವಕೀಲರಿಗೆ ಕೊಡಲು ಹಣವಿಲ್ಲವೆಂದರೆ ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಮಹಿಳೆಯರಿಗೆ, ಮಕ್ಕಳಿಗೆ, ಅಂಗವಿಕಲರಿಗೆ ಆದಾಯದ ಮಿತಿಯಿಲ್ಲದೆ ಅಲ್ಲಿ ಉಚಿತ ನೆರವು ಸಿಗುತ್ತದೆ.

ಇನ್ನೊಂದು ಮಾತು. ಇಲ್ಲದ ಗಾಯ ಸೇರಿಸುವುದು, ಬೇರೊಂದು ವಾಹನದ ನಂಬರು ಬರೆಸುವುದು ಬೇಡ. ಸುಳ್ಳು ನಿಜವಾದ ಹಕ್ಕನ್ನೂ ಕೆಡಿಸುತ್ತದೆ.

ವಿದ್ಯಾರ್ಥಿಗಳೇ, ನಿಮ್ಮಿಂದ ಆಗುವ ಕೆಲಸವೊಂದಿದೆ. ಒಬ್ಬನೇ ಮನುಷ್ಯ ರೇಷನ್ ಕಾರ್ಡಿನಲ್ಲಿ ಮಹಮದ್, ಆಧಾರ್‌ನಲ್ಲಿ ಮೊಹಮ್ಮದ್, ಆಸ್ಪತ್ರೆಯ ಚೀಟಿಯಲ್ಲಿ ಮಹ್ಮದ್ ಆಗಿರುತ್ತಾನೆ. ಇಂಥ ವ್ಯತ್ಯಾಸದಿಂದ ಕೇಸು ತೊಡಕಾಗುತ್ತದೆ. ಮೊಹಲ್ಲಾದಲ್ಲಿ ಯಾರಿಗಾದರೂ ಅಪಘಾತವಾದರೆ ಹೋಗಿ ಕಾಗದ ಓದಿ ಹೇಳಿ, ಹೆಸರು ಸರಿಯಿದೆಯೇ ನೋಡಿ, ದೂರು ಆಗಿದೆಯೇ ಎಂದು ಕೇಳಿ. ಓದು ಕಲಿತದ್ದಕ್ಕೆ ಇದಕ್ಕಿಂತ ದೊಡ್ಡ ಉಪಯೋಗ ಯಾವುದಿದೆ? ಆ ದಿನ ನಾನು ಕೇಳದೆ ಬಂದ ಪ್ರಶ್ನೆಯನ್ನು ನೀವಾದರೂ ಕೇಳಿ.