ಕೌದಿ ಹೊಲಿದವರ ಹೆಸರು



ಅಮೆರಿಕದ ಜನಜೀವನದಲ್ಲಿ ಚಿತ್ರಕಲೆಗೆ ಎಂಥ ಜಾಗ ಸಿಕ್ಕಿತು ಎಂದು ಕಲಬುರಗಿ ಸೀಮೆಯ ನಮ್ಮ ತೆಂಗಳಿಯಲ್ಲಿ ಸಂಕಿರಣ ಸೇರಿ ಚರ್ಚಿಸುವುದೇಕೆ ಎಂದು ಕೆಲವರಿಗೆ ಅನ್ನಿಸಿರಬಹುದು. ನನ್ನ ಉತ್ತರ ನಮ್ಮ ಕಲಬುರಗಿಯ ಎಸ್.ಎಂ. ಪಂಡಿತರಿಂದ ಶುರುವಾಗುತ್ತದೆ. 1938ರಲ್ಲಿ ಹಾಲಿವುಡ್ಡಿನ ಎಂ.ಜಿ.ಎಂ. ಕಂಪನಿ ಮುಂಬಯಿಯಲ್ಲಿ ಮೆಟ್ರೋ ಟಾಕೀಸು ತೆರೆಯಿತು. ಅದರ ಚಿತ್ರಗಳಿಗೆ ಷೋಕಾರ್ಡು ಬರೆದ ಕೈಗಳಲ್ಲಿ ಪಂಡಿತರದೂ ಒಂದು. ಅಮೆರಿಕದ ನಟ ನಟಿಯರ ಮುಖವನ್ನು ಮುಂಬಯಿಯ ಜನ ಕಲಬುರಗಿಯ ಹುಡುಗನ ಕುಂಚದಲ್ಲಿ ನೋಡಿದರು. ಮುಂದೆ ಅದೇ ಕೈ ರಾಧಾಕೃಷ್ಣರನ್ನು, ವಿಶ್ವಾಮಿತ್ರ ಮೇನಕೆಯರನ್ನು ಕ್ಯಾಲೆಂಡರಿಗೆ ಬರೆಯಿತು. ಆ ಕ್ಯಾಲೆಂಡರುಗಳು ನಮ್ಮ ಪಡಸಾಲೆಗೆ ಬಂದವು. ವರ್ಷ ಮುಗಿದ ಮೇಲೂ ತಾರೀಖಿನ ಹಾಳೆ ಹರಿದು ಚಿತ್ರಕ್ಕೆ ಕಟ್ಟು ಹಾಕಿಸಿ ಜಗಲಿಯಲ್ಲಿಟ್ಟು ಪೂಜಿಸಿದವರಿದ್ದಾರೆ. ರಾಧೆಯ ಕೆನ್ನೆಯ ಅಂಚಿಗೆ, ಹಿಂದಿನಿಂದ ಬಿದ್ದು ಮಿನುಗುವ ಆ ಬೆಳಕನ್ನು ಗಮನಿಸಿ. ಅದರಲ್ಲಿ ಹಾಲಿವುಡ್ಡಿನ ದೀಪದ ಪಾಲೂ ಇದೆಯೆಂದು ನಾನು ನಂಬುತ್ತೇನೆ.

ಪಂಡಿತರು ಹುಟ್ಟಿದ್ದು 1916ರಲ್ಲಿ. ಅದೇ ವರ್ಷ ನಾರ್ಮನ್ ರಾಕ್‌ವೆಲ್ ಎಂಬ ಇಪ್ಪತ್ತೆರಡರ ತರುಣ ಅಮೆರಿಕದ ‘ಸ್ಯಾಟರ್ಡೇ ಈವ್ನಿಂಗ್ ಪೋಸ್ಟ್’ ಪತ್ರಿಕೆಗೆ ತನ್ನ ಮೊದಲ ಮುಖಪುಟ ಬರೆದ. ಮುಂದೆ ಮುನ್ನೂರಕ್ಕೂ ಹೆಚ್ಚು ಬರೆದ. ಬಲ್ಲವರು ಅವನನ್ನು ಪತ್ರಿಕೆಯ ಚಿತ್ರಗಾರ ಎಂದು ಬಹುಕಾಲ ಹೊರಗೇ ನಿಲ್ಲಿಸಿದರು, ಪಂಡಿತರನ್ನು ಕ್ಯಾಲೆಂಡರಿನವರು ಎಂದ ಹಾಗೆಯೇ. ಆದರೆ 1964ರಲ್ಲಿ ಅಚ್ಚಾದ ಅವನ ಒಂದು ಚಿತ್ರ ನೋಡಿ. ಬಿಳಿ ಫ್ರಾಕಿನ ಪುಟ್ಟ ಕಪ್ಪು ಹುಡುಗಿ ಪುಸ್ತಕ, ಅಳತೆಪಟ್ಟಿ ಹಿಡಿದು, ಅದುವರೆಗೆ ಬಿಳಿಯರಿಗಷ್ಟೇ ಇದ್ದ ಶಾಲೆಗೆ ನಡೆದಿದ್ದಾಳೆ. ಹಿಂದೆ ಮುಂದೆ ನಾಲ್ವರು ಸರ್ಕಾರಿ ಕಾವಲಿನವರು. ಅವರ ಮುಖಗಳಿಲ್ಲ, ಹೆಗಲಿಗೇ ಚಿತ್ರ ಕತ್ತರಿಸಿದೆ. ಗೋಡೆಯ ಮೇಲೆ ಯಾರೋ ಎಸೆದ ಟೊಮೆಟೊ ಒಡೆದು ಇಳಿದಿದೆ. ಆ ಅಳತೆಯಲ್ಲಿ ನೋಡುವವರ ಕಣ್ಣೂ ಹುಡುಗಿಯ ಎತ್ತರಕ್ಕೇ ಬರುತ್ತದೆ. ರಾಕ್‌ವೆಲ್ಲನ ಚಿತ್ರಗಳು 2001ರಲ್ಲಿ ನ್ಯೂಯಾರ್ಕಿನ ಗುಗೆನ್‌ಹೈಮ್ ಸಂಗ್ರಹಾಲಯದ ಗೋಡೆ ಏರಿದವು. ಕಲಬುರಗಿಯಲ್ಲಿ ಪಂಡಿತರ ಹೆಸರಿನ ರಂಗಮಂದಿರವಿದೆ, ಅದು ಸಂತೋಷ. ಆದರೆ ನಮ್ಮ ಮಕ್ಕಳು ಅವರ ಹೆಸರನ್ನು ನಾಟಕ ನೋಡಲು ಹೋದಾಗ ಓದುತ್ತಾರೆ, ಚಿತ್ರ ನೋಡುತ್ತ ಓದುವುದಿಲ್ಲ. ಇದು ನನಗೆ ನೋವಿನ ಮಾತು.

ಅಮೆರಿಕ ಎಂದರೆ ದುಡ್ಡು, ದುಡ್ಡಿದ್ದಲ್ಲಿ ಕಲೆ ಎನ್ನುವವರಿಗೆ 1930ರ ದಶಕ ನೆನಪಿಸಬೇಕು. ಕಾರ್ಖಾನೆ ಮುಚ್ಚಿ, ಬ್ಯಾಂಕು ಮುಳುಗಿ ಜನ ರೊಟ್ಟಿಗೆ ಸಾಲುಗಟ್ಟಿದ್ದ ಕಾಲ. ಆಗ ಅಲ್ಲಿಯ ಸರ್ಕಾರ ಬರಗಾಲದ ಕಾಮಗಾರಿಯ ಹಾಗೆ ಕಲಾವಿದರಿಗೂ ಕೂಲಿ ಕೊಟ್ಟು ಕೆಲಸ ಹಚ್ಚಿತು. ಹಳ್ಳಿಪಟ್ಟಣದ ಅಂಚೆಕಚೇರಿಗಳಲ್ಲಿ ಭಿತ್ತಿಚಿತ್ರಗಳು ಬಂದವು. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ಇನ್ನೊಂದು ಕೆಲಸ. ಕಲಾವಿದರು ಊರೂರಿನಲ್ಲಿ ಜನ ಮಾಡಿಟ್ಟ ವಸ್ತುಗಳನ್ನು, ಗೊಂಬೆ, ಮಡಕೆ, ಮಾಡಿನ ಮೇಲೆ ಗಾಳಿಯ ದಿಕ್ಕು ತೋರುವ ತಗಡಿನ ಹುಂಜ, ತೇಪೆ ಹೊಲಿದ ಹೊದಿಕೆ, ಒಂದೊಂದನ್ನೂ ಮುಂದಿಟ್ಟುಕೊಂಡು ನೂಲಿನ ಎಳೆ ಕಾಣುವಷ್ಟು ಸೂಕ್ಷ್ಮವಾಗಿ ಜಲವರ್ಣದಲ್ಲಿ ಬರೆದರು. ಸುಮಾರು 18,000 ಚಿತ್ರಗಳು. ಇಂದು ಅವು ವಾಷಿಂಗ್ಟನ್ನಿನ ರಾಷ್ಟ್ರೀಯ ಕಲಾ ಸಂಗ್ರಹಾಲಯದಲ್ಲಿವೆ.

ತೇಪೆಯ ಹೊದಿಕೆ ಎಂದೆ. ಅಲಬಾಮಾದಲ್ಲಿ ಹೊಳೆ ಬಳಸಿ ಹರಿಯುವಲ್ಲಿ ಗೀಸ್ ಬೆಂಡ್ ಎಂಬ ಊರಿದೆ. ಹತ್ತಿಹೊಲದ ಗುಲಾಮರ ಮೊಮ್ಮಕ್ಕಳ ಊರು. ಹಳೆಯ ಧಣಿಯ ಪೆಟ್‌ವೇ ಎಂಬ ಹೆಸರೇ ಅಲ್ಲಿ ಎಷ್ಟೋ ಮನೆತನಗಳಿಗೆ ಅಂಟಿಕೊಂಡಿದೆ. ಅಲ್ಲಿನ ಹೆಣ್ಣುಮಕ್ಕಳು ಮೊಣಕಾಲು ಸವೆದ ದುಡಿಮೆಯ ಬಟ್ಟೆ ಕತ್ತರಿಸಿ ಹೊಲಿದ ಹೊದಿಕೆಗಳು 2002ರಲ್ಲಿ ದೊಡ್ಡ ಸಂಗ್ರಹಾಲಯಗಳಿಗೆ ಹೋದವು. 2006ರಲ್ಲಿ ಅಂಚೆಚೀಟಿಗಳಾದವು. ಹೊಲಿದವರ ಹೆಸರೂ ಜನರಿಗೆ ತಿಳಿಯಿತು.

ಅದನ್ನು ಓದಿದಾಗ ನನಗೆ ನಮ್ಮ ಆಯಿಯ ಕೌದಿ ನೆನಪಾಯಿತು. ತಾತನ ಧೋತರ ಅಡಿಗೆ, ಅವ್ವನ ಇಳಕಲ್ ಸೀರೆಯ ತುಂಡು ಮೇಲಕ್ಕೆ. ಅಂಚಿನಿಂದ ಹಿಡಿದ ಬಿಳಿ ದಾರ ಸುತ್ತು ಹಾಕುತ್ತ ನಡುವಿಗೆ ಬರುತ್ತಿತ್ತು. ಕಣ್ಣು ಮಂದವಾದ ವರ್ಷದ ಕೌದಿಯಲ್ಲಿ ಹೊಲಿಗೆಯ ಟಾಕಿಗಳು ಉದ್ದವಾಗಿವೆ, ಸಾಲು ಸ್ವಲ್ಪ ಡೊಂಕಿದೆ. ಆ ಡೊಂಕನ್ನು ಬೆರಳಿಂದ ಮುಟ್ಟಿದರೆ ಇಂದಿಗೂ ಅವಳು ಸಿಗುತ್ತಾಳೆ.

ಹೆಸರಿನ ಬೆಲೆ ಈ ನೆಲಕ್ಕೆ ಹೊಸದೇನಲ್ಲ. ಇದೇ ಚಿತ್ತಾಪುರ ಸೀಮೆಯ ಕನಗನಹಳ್ಳಿ ಸ್ತೂಪದಲ್ಲಿ, ಭೀಮೆಯ ದಂಡೆಯ ಸುಣ್ಣಗಲ್ಲಿನಲ್ಲಿ, ರಾಣಿಯೊಡನೆ ನಿಂತ ಅರಸನನ್ನು ಜಗತ್ತು ಅಶೋಕನೆಂದು ಗುರುತಿಸಿದ್ದು ‘ರಾಯಾ ಅಸೋಕೋ’ ಎಂದು ಬ್ರಾಹ್ಮಿಯಲ್ಲಿ ಕೊರೆದಿದ್ದರಿಂದ. ಅಲ್ಲಿ ಅರಸರ ಹೆಸರಷ್ಟೇ ಇಲ್ಲ. ಕಲ್ಲು ಮಾಡಿಸಿಕೊಟ್ಟ ಸಾಮಾನ್ಯ ಗೃಹಸ್ಥರ ಹೆಸರೂ ಇವೆ.

ಹಾಗಾಗಿ ಈ ಸಂಕಿರಣದಿಂದ ನಾನು ಬಯಸುವುದು ಒಂದು ಕೆಲಸ. ಪ್ರಬಂಧಗಳು ಮುಗಿದ ಮೇಲೆ ವಿದ್ಯಾರ್ಥಿಗಳು ಬಣ್ಣ, ಹಾಳೆ ಹಿಡಿದು ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿ ಸೀಮೆಯ ಮನೆಗಳಿಗೆ ಹೋಗಬೇಕು. ಕೌದಿ, ಮಣ್ಣೆತ್ತು, ಎತ್ತಿನ ಜೂಲ, ತಾಂಡಾದ ಕನ್ನಡಿ ಕಸೂತಿ, ಮೊಹರಮ್ಮಿನ ಅಲಾಯಿಯ ಪಂಜಾ, ಗೋಡೆಗೆ ಉಳಿದಿರುವ ಪಂಡಿತರ ಕ್ಯಾಲೆಂಡರು, ಸಿಕ್ಕದ್ದನ್ನು ಸಿಕ್ಕ ಹಾಗೆ ಬರೆದುಕೊಳ್ಳಬೇಕು. ಫೋಟೋ ಸಾಲದು. ಕೈಯಿಂದ ಬರೆದಾಗಲೇ ಟಾಕಿ ಎಲ್ಲಿ ತಿರುಗಿತು ಎಂದು ಕಣ್ಣು ಕಲಿಯುತ್ತದೆ. ಹಾಳೆಯ ಮೊದಲ ಸಾಲಿನಲ್ಲಿ ಮಾಡಿದವರ ಹೆಸರು ಇರಲಿ. ಮಧ್ಯಾಹ್ನ ಊಟಕ್ಕೆ ಎದ್ದಾಗ, ಬಡಿಸುವ ತಾಯಂದಿರಲ್ಲಿ ಕೌದಿ ಹೊಲಿಯುವವರು ಯಾರಿದ್ದಾರೆಂದು ಕೇಳಿ, ಅಲ್ಲಿಂದಲೇ ಶುರು ಮಾಡೋಣ.